ಜಪಾನಿನ ಚಹಾಕೂಟದಲ್ಲಿ ಅತಿಥಿಯಾಗುವ ಬಗೆ

ಕ್ಯೋಟೋದ ದೇವಾಲಯವೊಂದರ ಜಗಲಿಯಲ್ಲಿ ಹತ್ತು ನಿಮಿಷ ಕುಳಿತು, ತೋಟವನ್ನು ನೋಡುತ್ತ ಒಂದು ಬಟ್ಟಲು ಹಸಿರು ಚಹಾ ಕುಡಿದು ಬಂದವರೂ ‘ಜಪಾನಿನ ಟೀ ಸೆರೆಮನಿ ನೋಡಿದೆವು’ ಎನ್ನುತ್ತಾರೆ. ತಗ್ಗು ಸೂರಿನ ಪುಟ್ಟ ಕೋಣೆಯಲ್ಲಿ ನಾಲ್ಕು ಗಂಟೆ ಮಂಡಿಯೂರಿ ಕುಳಿತು, ಊಟ ಮಾಡಿ, ಎರಡು ಬಗೆಯ ಚಹಾ ಕುಡಿದು ಹೊರಬಂದವರೂ ಅದೇ ಮಾತನ್ನು ಹೇಳುತ್ತಾರೆ. ತಮಗೆ ಬೇಕಾದದ್ದು ಯಾವುದೆಂದು ತಿಳಿಯದೆ ಹಣ ಕಟ್ಟಿದವರಿಗೆ ಒಂದೋ ಅದು ತೀರಾ ಸಪ್ಪೆಯೆನಿಸುತ್ತದೆ, ಇಲ್ಲವೇ ಯಾವಾಗ ಮುಗಿಯುತ್ತದೋ ಎನಿಸುತ್ತದೆ. ನಿಜವಾದ ತೊಡಕಿರುವುದು ‘ನೋಡಿದೆವು’ ಎಂಬ ಆ ಮಾತಿನಲ್ಲಿ. ಮದುವೆ ಮನೆಗೆ ಹೋಗಿ ಬಂದವರು ಊಟ ನೋಡಿ ಬಂದೆವು ಎನ್ನುವುದಿಲ್ಲವಷ್ಟೆ. ಜಪಾನೀಯರು ಚಾನೊಯು ಎಂದೂ, ಚಹಾದ ದಾರಿ ಎಂಬ ಅರ್ಥದಲ್ಲಿ ಸಾದೋ ಎಂದೂ ಕರೆಯುವ ಈ ಕೂಟದಲ್ಲಿ ಪ್ರೇಕ್ಷಕರಿಗೆ ಜಾಗವಿಲ್ಲ. ಚಹಾ ಕಡೆದು ಕೊಡುವವರು ಒಬ್ಬರು, ಕುಡಿಯುವವರು ಕೆಲವರು, ಎಲ್ಲರಿಗೂ ಅವರವರ ಪಾಲಿನ ಕೆಲಸವಿದೆ. ಆತಿಥೇಯರ ಕೆಲಸವನ್ನು ಕಲಿಯುವುದಕ್ಕೆ ವರ್ಷಗಟ್ಟಲೆ ಬೇಕು. ಅತಿಥಿಯ ಕೆಲಸವನ್ನು ಪ್ರವಾಸಿಯೊಬ್ಬರು ಒಂದು ಸಂಜೆ ಕುಳಿತು ತಕ್ಕಮಟ್ಟಿಗೆ ಕಲಿತುಬಿಡಬಹುದು. ಈ ಲೇಖನ ಅದಕ್ಕಾಗಿ.

ಯಾವ ಬಗೆಯದು ಬೇಕೆಂದು ಮೊದಲೇ ಗೊತ್ತುಮಾಡಿಕೊಳ್ಳಿ

ಪ್ರವಾಸಿಗರಿಗೆ ದೊರೆಯುವ ಚಹಾದಲ್ಲಿ ಮುಖ್ಯವಾಗಿ ಮೂರು ಮಜಲುಗಳಿವೆ. ಮೊದಲನೆಯದರಲ್ಲಿ ಚಹಾ ಒಳಗಿನ ಅಡುಗೆ ಕಟ್ಟೆಯಲ್ಲಿಯೇ ತಯಾರಾಗಿ, ಒಂದು ಸಿಹಿಯೊಡನೆ ನಿಮ್ಮ ಮುಂದೆ ಬರುತ್ತದೆ. ಕಾಮಾಕುರಾದ ಹೋಕೊಕುಜಿ ದೇವಾಲಯದ ಬಿದಿರು ಮೆಳೆಯ ಎದುರು, ಕ್ಯೋಟೋದ ಹೊರವಲಯದ ಒಹಾರಾದಲ್ಲಿರುವ ಹೋಸೆನ್-ಇನ್ ದೇವಾಲಯದಲ್ಲಿ, ಟೋಕಿಯೋದ ಹಾಮಾರಿಕ್ಯೂ ಉದ್ಯಾನದ ಕೊಳದ ನಡುವಿನ ಚಹಾಮನೆಯಲ್ಲಿ ಸಿಗುವುದು ಇಂಥದ್ದು. ಮುಂಗಡ ಕಾಯ್ದಿರಿಸುವ ಗೋಜಿಲ್ಲ, ಸಾಮಾನ್ಯವಾಗಿ 500ರಿಂದ 1000 ಯೆನ್‌ಗಳಲ್ಲಿ ಮುಗಿಯುತ್ತದೆ. ಎರಡನೆಯದರಲ್ಲಿ ಆತಿಥೇಯರು ನಿಮ್ಮ ಕಣ್ಣೆದುರಿಗೇ ಪಾತ್ರೆಗಳನ್ನು ಒರೆಸಿ, ನೀರು ತೋಡಿ, ಚಹಾ ಕಡೆಯುತ್ತಾರೆ. ಈ ಕ್ರಮಬದ್ಧ ಚಲನೆಗಳಿಗೆ ತೆಮಾಎ ಎಂದು ಹೆಸರು. ಪ್ರವಾಸಿಗರಿಗಾಗಿ ಇಂಗ್ಲಿಷಿನಲ್ಲಿ ವಿವರಣೆ ನೀಡುತ್ತ ಮುಕ್ಕಾಲು ಗಂಟೆಯಿಂದ ಒಂದೂವರೆ ಗಂಟೆಯವರೆಗೆ ನಡೆಯುವ ಕೂಟಗಳು ಈ ಬಗೆಯವು. ಗುಂಪಿನಲ್ಲಿ ತಲೆಗೆ ಸುಮಾರು 2500ರಿಂದ 5000 ಯೆನ್, ನಿಮಗಾಗಿಯೇ ಪ್ರತ್ಯೇಕವಾಗಿ ಬೇಕೆಂದರೆ ಅದಕ್ಕಿಂತ ಹೆಚ್ಚು. ಮೂರನೆಯದು ಜಪಾನೀಯರೇ ತಮ್ಮತಮ್ಮಲ್ಲಿ ನಡೆಸುವ ಚಾಕಾಯ್ ಮತ್ತು ಚಾಜಿ. ಚಾಕಾಯ್ ಎಂದರೆ ಸಿಹಿ ಮತ್ತು ತೆಳು ಚಹಾದ ಚಿಕ್ಕ ಕೂಟ. ಚಾಜಿ ಎಂದರೆ ಇದ್ದಿಲು ಜೋಡಿಸಿ ಒಲೆ ಹೊತ್ತಿಸುವುದರಿಂದ ಮೊದಲ್ಗೊಂಡು, ಕಾಯ್ಸೆಕಿ ಊಟ, ಸಿಹಿ, ನಡುವೆ ತೋಟದಲ್ಲಿ ವಿರಾಮ, ಬಳಿಕ ಗಟ್ಟಿ ಚಹಾ, ಕೊನೆಗೆ ತೆಳು ಚಹಾ ಎಂದು ಸುಮಾರು ನಾಲ್ಕು ಗಂಟೆ ನಡೆಯುವ ಪೂರ್ಣ ಕೂಟ.

ನನ್ನನ್ನು ಕೇಳಿದರೆ, ಜಪಾನಿಗೆ ಮೊದಲ ಸಲ ಹೋಗುವವರು ಮೊದಲ ಮಜಲಿನ ಚಹಾವನ್ನು ಒಂದು ದಿನ ಕುಡಿದು, ಸಿಹಿಯ ಹಾಗೂ ಚಹಾದ ರುಚಿ ನಾಲಗೆಗೆ ಒಗ್ಗಿದ ಮೇಲೆ, ಎರಡು ದಿನ ಬಿಟ್ಟು ಎರಡನೆಯದಕ್ಕೆ ಹೋಗುವುದು ಒಳ್ಳೆಯದು. ಹಾಲು ಸಕ್ಕರೆಯಿಲ್ಲದ, ಎಲೆಯ ಪುಡಿಯನ್ನೇ ನೀರಿನಲ್ಲಿ ಕಡೆದ ಮಾಚಾ ಮೊದಲ ಗುಟುಕಿಗೆ ಬೇಯಿಸಿದ ಸೊಪ್ಪಿನ ನೀರಿನಂತೆ ಕಂಡರೆ ಅಚ್ಚರಿಯಿಲ್ಲ. ಆ ಮುಖಭಾವವನ್ನು ಆತಿಥೇಯರ ಎದುರು ತೋರಿಸುವುದಕ್ಕಿಂತ ಬಿದಿರು ಮೆಳೆಗೆ ತೋರಿಸುವುದು ಮೇಲು. ಚಾಜಿಗೆ ಪರಿಚಿತರ ಆಹ್ವಾನವಿಲ್ಲದೆ ಹೋಗುವುದನ್ನು ನಾನು ಸೂಚಿಸುವುದಿಲ್ಲ. ಸಸ್ಯಾಹಾರಿಗಳಿಗಂತೂ ಇಲ್ಲೊಂದು ಎಚ್ಚರಿಕೆಯ ಮಾತಿದೆ. ಕಾಯ್ಸೆಕಿ ಊಟದಲ್ಲಿ ಮೀನಿನ ತುಂಡು ಕಣ್ಣಿಗೆ ಕಾಣದಿದ್ದರೂ, ಸಾರಿನ ತಳಹದಿಯಾದ ದಾಶಿಯನ್ನು ಸಾಮಾನ್ಯವಾಗಿ ಒಣಗಿಸಿದ ಬೊನಿಟೊ ಮೀನಿನಿಂದ ತೆಗೆದಿರುತ್ತಾರೆ. ಬರೀ ಚಹಾ ಮತ್ತು ಸಿಹಿಯ ಕೂಟದಲ್ಲಿ ಈ ಆತಂಕ ಬಹುಮಟ್ಟಿಗೆ ಇಲ್ಲ, ಏಕೆಂದರೆ ಅಲ್ಲಿನ ಸಿಹಿಗಳು ಹೆಚ್ಚಾಗಿ ಹುರುಳಿಜಾತಿಯ ಕಾಳಿನ ಹೂರಣ, ಅಕ್ಕಿಹಿಟ್ಟು, ಸಕ್ಕರೆ ಮತ್ತು ಕಡಲಪಾಚಿಯಿಂದ ತೆಗೆದ ಅಗರ್‌ನಿಂದ ಆದವು. ಮೊಟ್ಟೆಯೂ ಬೇಡವೆನ್ನುವವರು ಕಾಯ್ದಿರಿಸುವಾಗಲೇ ತಿಳಿಸಿಬಿಡಬೇಕು.

ಊರು ಮತ್ತು ಜಾಗ

ಹೆಚ್ಚಿನವರು ಕ್ಯೋಟೋವನ್ನೇ ಆರಿಸುತ್ತಾರೆ. ಅದು ಸಹಜ, ಚಹಾಕೂಟದ ಪದ್ಧತಿಯನ್ನು ಕಲಿಸುತ್ತ ಬಂದಿರುವ ಮೂರು ಮುಖ್ಯ ಮನೆತನಗಳಾದ ಉರಾಸೆಂಕೆ, ಒಮೊತೆಸೆಂಕೆ, ಮುಶಾಕೋಜಿಸೆಂಕೆ ಇರುವುದು ಅಲ್ಲಿಯೇ. ಆದರೆ ಕ್ಯೋಟೋದ ಜನಜಂಗುಳಿಯ ಬೀದಿಗಳಲ್ಲಿ ಒಂದೇ ಹಜಾರದಲ್ಲಿ ಇಪ್ಪತ್ತು ಮಂದಿಯನ್ನು ಕೂರಿಸಿ ಮುಗಿಸಿಬಿಡುವ ಕೂಟಗಳೂ ಇವೆ. ಅಲ್ಲಿಂದ ರೈಲಿನಲ್ಲಿ ಅರ್ಧ ಗಂಟೆಯೊಳಗೆ ತಲಪಬಹುದಾದ ಉಜಿ ನನಗೆ ಹೆಚ್ಚು ಇಷ್ಟ. ಬ್ಯೋದೊ-ಇನ್ ದೇವಾಲಯದ ಹತ್ತಿರ, ನದಿಯ ದಂಡೆಯ ಮೇಲಿರುವ ತಾಯ್ಹೋ-ಆನ್ ಎಂಬ ಚಹಾಮನೆಯನ್ನು ನಗರಾಡಳಿತವೇ ನಡೆಸುತ್ತದೆ. ಅಬ್ಬರವಿಲ್ಲ, ದರ ಕಡಿಮೆ, ಚಹಾ ಬೆಳೆಯುವ ಊರಿನಲ್ಲಿಯೇ ಕುಳಿತು ಕುಡಿದ ಸಮಾಧಾನ ಬೇರೆ.

ಇತಿಹಾಸದ ಎಳೆ ಹಿಡಿದು ಹೋಗುವವರು ಒಸಾಕಾದ ಪಕ್ಕದ ಸಾಕಾಯ್ ನಗರವನ್ನು ಬಿಡಬಾರದು. ಇಂದಿನ ಚಹಾಕೂಟಕ್ಕೆ ರೂಪ ಕೊಟ್ಟ ಸೆನ್ ನೊ ರಿಕ್ಯು 1522ರಲ್ಲಿ ಹುಟ್ಟಿದ್ದು ಈ ವರ್ತಕರ ಊರಿನಲ್ಲಿ. ಆಗ ಜಪಾನನ್ನು ಆಳುತ್ತಿದ್ದ ತೊಯೊತೊಮಿ ಹಿದೆಯೋಶಿಗೆ ಚಹಾಗುರುವಾಗಿದ್ದ ಈತನನ್ನು 1591ರಲ್ಲಿ ಅದೇ ಹಿದೆಯೋಶಿಯೇ ಆತ್ಮಹತ್ಯೆ ಮಾಡಿಕೊಳ್ಳುವಂತೆ ಆಜ್ಞಾಪಿಸಿದ. ಸಾಕಾಯ್‌ನಲ್ಲಿ 2015ರಲ್ಲಿ ತೆರೆದ ಸ್ಮಾರಕ ಭವನದಲ್ಲಿ ಚಹಾದ ಅನುಭವಕ್ಕೂ ವ್ಯವಸ್ಥೆಯಿದೆ. ರಿಕ್ಯು ನಿರ್ಮಿಸಿದನೆಂದು ನಂಬಲಾಗುವ ತಾಯ್-ಆನ್ ಎಂಬ ಎರಡೇ ಚಾಪೆ ಹಾಸುವಷ್ಟು ಜಾಗದ ಚಹಾಕೋಣೆ ಕ್ಯೋಟೋ ಬಳಿಯ ಒಯಾಮಾಝಾಕಿಯ ಮ್ಯೋಕಿ-ಆನ್ ದೇವಾಲಯದಲ್ಲಿದೆ. ಅದು ರಾಷ್ಟ್ರೀಯ ನಿಧಿಯಾದುದರಿಂದ ಬಹಳ ಮೊದಲೇ ಅನುಮತಿ ಪಡೆಯಬೇಕು, ಅಲ್ಲಿ ಚಹಾ ಕೊಡುವುದಿಲ್ಲ. ಫೆಬ್ರವರಿ 25ರಂದು ಕ್ಯೋಟೋದಲ್ಲಿರುವವರಿಗೆ ಇನ್ನೊಂದು ಅವಕಾಶವುಂಟು. 1587ರಲ್ಲಿ ಹಿದೆಯೋಶಿ ಊರಿಗೆಲ್ಲ ಕರೆ ಕೊಟ್ಟು ಕಿತಾನೊದಲ್ಲಿ ನಡೆಸಿದ ಮಹಾ ಚಹಾಕೂಟದ ನೆನಪಿನಲ್ಲಿ, ಕಿತಾನೊ ತೆನ್‌ಮಾಂಗೂ ದೇಗುಲದ ಪ್ಲಮ್ ಹೂವಿನ ಉತ್ಸವದಂದು ಬಯಲಿನಲ್ಲಿಯೇ ಚಹಾ ಕೊಡುತ್ತಾರೆ. ಹೂವು, ಜನ, ಫೋಟೊ ಎಲ್ಲವೂ ಅಲ್ಲಿ ಧಾರಾಳ; ಮೌನ ಮಾತ್ರ ಸಿಗದು.

ಕಾಯ್ದಿರಿಸುವಾಗ ಕೇಳಬೇಕಾದದ್ದು

ಒಂದೇ ಪ್ರಶ್ನೆ ಕೇಳುವುದಾದರೆ, ಎಷ್ಟು ಮಂದಿ ಅತಿಥಿಗಳು ಒಟ್ಟಿಗೆ ಕೂರುತ್ತಾರೆ ಎಂದು ಕೇಳಿ. ಐದಾರು ಮಂದಿಯಾದರೆ ಒಳ್ಳೆಯದು. ಮಂಡಿ ನೋವಿರುವವರು ಕುರ್ಚಿಯ ವ್ಯವಸ್ಥೆ ಇದೆಯೇ ಎಂದು ಸಂಕೋಚವಿಲ್ಲದೆ ವಿಚಾರಿಸಬೇಕು. ಕುರ್ಚಿ ಮೇಜಿನ ಚಹಾ ಎಂದರೆ ಪ್ರವಾಸಿಗರಿಗಾಗಿ ಮಾಡಿದ ರಾಜಿ ಎಂದು ಹಲವರು ಮೂಗು ಮುರಿಯುತ್ತಾರೆ. ಆದರೆ ರ್ಯೂರೆಯ್ ಎಂಬ ಈ ಪದ್ಧತಿಯನ್ನು ಉರಾಸೆಂಕೆ ಮನೆತನದ 11ನೆಯ ಮುಖ್ಯಸ್ಥರಾದ ಗೆಂಗೆನ್‌ಸಾಯ್ ಅವರೇ, 1872ರ ಕ್ಯೋಟೋ ವಸ್ತುಪ್ರದರ್ಶನಕ್ಕೆ ಬರುವ ವಿದೇಶೀಯರನ್ನು ಮನಸ್ಸಿನಲ್ಲಿಟ್ಟುಕೊಂಡು ರೂಪಿಸಿದರು; ಒಂದೂವರೆ ಶತಮಾನ ದಾಟಿದ ಸಂಪ್ರದಾಯವದು. ಇನ್ನು ಕಿಮೋನೊ ಬಾಡಿಗೆಯನ್ನೂ ಸೇರಿಸಿ ಮಾರುವ ಪ್ಯಾಕೇಜುಗಳ ವಿಚಾರ. ಕಿಮೋನೊ ಕಡ್ಡಾಯವಲ್ಲ, ಅಭ್ಯಾಸವಿಲ್ಲದವರಿಗೆ ಸೊಂಟಪಟ್ಟಿಯ ಬಿಗಿತದಲ್ಲಿ ಕುಳಿತು ಏಳುವುದೇ ಒಂದು ವ್ರತವಾಗುತ್ತದೆ. ಉಟ್ಟೇ ತೀರುವುದಾದರೆ ಎಡಭಾಗ ಬಲಭಾಗದ ಮೇಲೆ ಬರುವಂತಿರಲಿ, ಬಲಭಾಗ ಮೇಲೆ ಬರುವಂತೆ ಉಡಿಸುವುದು ಶವಕ್ಕೆ.

ಹೊತ್ತಿಗಿಂತ ಹತ್ತು ಹದಿನೈದು ನಿಮಿಷ ಮೊದಲೇ ಅಲ್ಲಿರಬೇಕು. ಕೂಟ ಶುರುವಾದ ಮೇಲೆ ಬಾಗಿಲು ತಟ್ಟಿದವರನ್ನು ಒಳಗೆ ಬಿಡದಿರುವುದೂ ಉಂಟು. ಹೊಸ ವರ್ಷದ ಹಿಂದುಮುಂದಿನ ದಿನಗಳಲ್ಲಿ ಅನೇಕ ಚಹಾಮನೆಗಳು ಮುಚ್ಚಿರುತ್ತವೆ.

ಹೊರಡುವ ಮುನ್ನ

ನಮ್ಮಲ್ಲಿ ಚಪ್ಪಲಿ ಬಿಟ್ಟು ಬರಿಗಾಲಲ್ಲಿ ಒಳಗೆ ಹೋಗುವುದು ಮರ್ಯಾದೆ. ಅಲ್ಲಿ ಚಪ್ಪಲಿ ಬಿಟ್ಟ ಮೇಲೆ ಕಾಲುಚೀಲ ಇರಬೇಕು, ಅದೂ ಶುಭ್ರವಾದ ಬಿಳಿಯದಾದರೆ ಉತ್ತಮ. ಸ್ಯಾಂಡಲ್ ಹಾಕಿಕೊಂಡು ತಿರುಗಾಡುವವರು ಒಂದು ಜೊತೆ ಕಾಲುಚೀಲವನ್ನು ಚೀಲದಲ್ಲಿಟ್ಟುಕೊಂಡು ಹೋಗಿ ಬಾಗಿಲಲ್ಲಿ ಹಾಕಿಕೊಳ್ಳಲಿ. ಉಂಗುರ, ಗಡಿಯಾರ, ಬಳೆಗಳನ್ನು ತೆಗೆದಿಡಬೇಕು, ಉದ್ದನೆಯ ಸರವನ್ನು ಬಟ್ಟೆಯೊಳಗೆ ಸೇರಿಸಿಕೊಳ್ಳಬೇಕು. ಕೈಗೆ ಬರುವ ಬಟ್ಟಲು ಕೆಲವೊಮ್ಮೆ ನೂರಾರು ವರ್ಷ ಹಳೆಯದಾಗಿರಬಹುದು. ಮೆದುವಾದ ರಾಕು ಮಣ್ಣಿನ ಬಟ್ಟಲಿಗೆ ಬಂಗಾರದ ಉಂಗುರದ ಗೀರು ಬಿದ್ದರೆ ಅದನ್ನು ಅಳಿಸುವ ಉಪಾಯವಿಲ್ಲ. ಸುಗಂಧದ್ರವ್ಯ ಹಚ್ಚಿಕೊಳ್ಳಬೇಡಿ, ಮುಡಿಯಲ್ಲಿ ಮಲ್ಲಿಗೆಯೂ ಬೇಡ. ಕೋಣೆಯಲ್ಲಿ ಇಡುವ ಹೂವನ್ನೇ ಕಟು ಪರಿಮಳವಿಲ್ಲದಂತೆ ನೋಡಿ ಆರಿಸುತ್ತಾರೆ, ಒಲೆಯೊಳಗಿನ ಧೂಪದ ನವಿರಾದ ವಾಸನೆ ಕೆಡಬಾರದೆಂದು. ಬಿಗಿಯಾದ ಜೀನ್ಸ್‌ಗಿಂತ ಸಡಿಲವಾದ ಸಲ್ವಾರ್, ಸೀರೆ ಅಥವಾ ಪ್ಯಾಂಟು ಕೂರಲು ಅನುಕೂಲ. ಬರಿಹೊಟ್ಟೆಯಲ್ಲಿ ಹೋಗಬೇಡಿ, ಎಲೆಯನ್ನೇ ಪುಡಿಯಾಗಿ ನುಂಗುವುದರಿಂದ ಮಾಚಾದ ಕೆಫೀನು ಖಾಲಿ ಹೊಟ್ಟೆಯನ್ನು ಕಲಕುತ್ತದೆ.

ತೋಟದಿಂದ ಕೋಣೆಗೆ

ಒಳ್ಳೆಯ ಚಹಾಮನೆಯಾದರೆ ಕೂಟ ಶುರುವಾಗುವುದು ರೋಜಿ ಎಂಬ ತೋಟದ ದಾರಿಯಿಂದಲೇ. ಹಾಸುಗಲ್ಲುಗಳ ಮೇಲಷ್ಟೇ ಹೆಜ್ಜೆಯಿಡಿ. ಎಲ್ಲಾದರೂ ಕಪ್ಪು ಹಗ್ಗ ಕಟ್ಟಿದ ಮುಷ್ಟಿಗಾತ್ರದ ಕಲ್ಲೊಂದು ಹಾಸುಗಲ್ಲಿನ ಮೇಲೆ ಕುಳಿತಿದ್ದರೆ ಆ ಕಡೆ ಹೋಗಬಾರದೆಂದು ಅರ್ಥ. ಬೋರ್ಡಿಲ್ಲ, ಬೇಲಿಯಿಲ್ಲ, ಅಷ್ಟೇ ಸಾಕು. ಮುಂದೆ ತ್ಸುಕುಬಾಯ್ ಎಂಬ ತಗ್ಗಾದ ಕಲ್ಲಿನ ನೀರುದೋಣಿ ಸಿಗುತ್ತದೆ. ಬಗ್ಗಿ, ಬಿದಿರಿನ ಸೌಟಿನಲ್ಲಿ ನೀರು ತೋಡಿ ಎಡಗೈ, ಬಳಿಕ ಬಲಗೈ ತೊಳೆದು, ಅಂಗೈಯಲ್ಲಿ ನೀರು ಹಿಡಿದು ಬಾಯಿ ಮುಕ್ಕಳಿಸಿ, ಉಳಿದ ನೀರು ಹಿಡಿಕೆಯ ಮೇಲೆ ಹರಿದು ಅದನ್ನೂ ತೊಳೆಯುವಂತೆ ಸೌಟನ್ನು ನೆಟ್ಟಗೆ ಎತ್ತಿ ಇಡುತ್ತಾರೆ. ದೇವಸ್ಥಾನದ ಕಲ್ಯಾಣಿಯಲ್ಲಿ ಕೈಕಾಲು ತೊಳೆದು ಒಳಹೋಗುವ ನಮಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಿಲ್ಲ.

ಒಳಗೆ ಹೋಗುವ ಬಾಗಿಲಾದ ನಿಜಿರಿಗುಚಿ ಸುಮಾರು 66 ಸೆಂಟಿಮೀಟರ್ ಎತ್ತರ, ಅಷ್ಟೇ ಸುಮಾರು ಅಗಲದ ಗೂಡಿನಂಥದ್ದು. ಮಂಡಿಯೂರಿ, ತಲೆ ಬಗ್ಗಿಸಿ, ಎರಡೂ ಮುಷ್ಟಿ ಊರಿ ಮೈಯನ್ನು ಒಳಕ್ಕೆ ಜಾರಿಸಿಕೊಳ್ಳಬೇಕು. ಸಮುರಾಯ್ ಆದವನೂ ಖಡ್ಗವನ್ನು ಹೊರಗಿಟ್ಟೇ ನುಸುಳಬೇಕಾದ ಬಾಗಿಲಿದು. ಬೆನ್ನಿಗೆ ಏರಿಸಿದ ಪ್ರವಾಸಿ ಚೀಲಕ್ಕೂ ಅದೇ ನಿಯಮ. ಒಳಗೆ ಹೋದೊಡನೆ ನಿಮ್ಮ ಜಾಗದಲ್ಲಿ ಕೂರಬೇಡಿ. ತೊಕೊನೊಮಾ ಎಂಬ ಗೋಡೆಯ ಗೂಡಿನೆದುರು ಕುಳಿತು, ಒಮ್ಮೆ ಬಾಗಿ, ಅಲ್ಲಿ ತೂಗುಹಾಕಿದ ಬರಹದ ಸುರುಳಿಯನ್ನೂ ಹೂವನ್ನೂ ನೋಡಿ, ಆಮೇಲೆ ಕೆಟಲಿನ ಕಡೆಗೆ ಕಣ್ಣು ಹಾಯಿಸಿ ನಿಮ್ಮ ಜಾಗಕ್ಕೆ ಹೋಗಿ. ಆ ಗೂಡಿನೊಳಗೆ ಕಾಲಿಡುವುದಾಗಲಿ, ಚೀಲ ಇಡುವುದಾಗಲಿ ಸಲ್ಲದು. ತತಾಮಿ ಚಾಪೆಗಳ ಬಟ್ಟೆಯ ಅಂಚನ್ನೂ ಹೊಸ್ತಿಲನ್ನೂ ತುಳಿಯದೆ ದಾಟಬೇಕು.

ಕೂರುವ ಜಾಗವನ್ನು ನೀವಾಗಿ ಆರಿಸಬೇಕಾಗಿ ಬಂದರೆ ನಡುವಿನದನ್ನು ಆರಿಸಿ. ತೊಕೊನೊಮಾಕ್ಕೆ ಹತ್ತಿರದ ಮೊದಲ ಆಸನ ಮುಖ್ಯ ಅತಿಥಿಯದು. ಎಲ್ಲರ ಪರವಾಗಿ ಆತಿಥೇಯರೊಡನೆ ಮಾತಾಡುವ ಹೊಣೆ ಅವರ ಮೇಲಿರುತ್ತದೆ. ಕೊನೆಯ ಆಸನದವರಿಗೆ ತಟ್ಟೆ ಬಟ್ಟಲು ಒಟ್ಟುಮಾಡಿ ಹಿಂದಿರುಗಿಸುವ ಕೆಲಸ ಬೀಳುತ್ತದೆ. ಸಾರ್ವಜನಿಕ ಚಾಕಾಯ್‌ಗಳಲ್ಲಿ ಈ ಮೊದಲ ಆಸನವನ್ನು ‘ನೀವು ಬನ್ನಿ, ನೀವು ಬನ್ನಿ’ ಎಂದು ಜಪಾನೀಯರೇ ಒಬ್ಬರ ಮೇಲೊಬ್ಬರು ಹೇರುತ್ತ ಹಿಂದೆ ಸರಿಯುವುದನ್ನು ನೋಡಿದರೆ, ನಮ್ಮ ಪಂಕ್ತಿಯಲ್ಲಿ ಮೊದಲ ಎಲೆಗೆ ಕೂರಲು ಹಿಂಜರಿಯುವವರ ನೆನಪಾಗುತ್ತದೆ.

ಸಿಹಿ, ಬಳಿಕ ಚಹಾ

ಈ ಹಂತದಲ್ಲಿ ನಾನು ಮಾಡಿದ ತಪ್ಪನ್ನೇ ಮೊದಲು ಹೇಳಿಬಿಡುತ್ತೇನೆ. ಮೊದಲ ಸಲ ಹೋದಾಗ ನನ್ನ ಮುಂದೆ ನೀಲಿ ಹೈಡ್ರೇಂಜಿಯ ಹೂವಿನ ಆಕಾರದ ಒಂದು ಸಿಹಿ ಬಂತು. ಕಾಫಿಯೊಡನೆ ಕೋಡುಬಳೆ ಕಡಿಯುವ ಊರಿನವನಾದ ನಾನು, ಚಹಾ ಬರಲಿ, ಜೊತೆಗೆ ತಿನ್ನೋಣವೆಂದು ಅದನ್ನು ಹಾಗೆಯೇ ಇಟ್ಟುಕೊಂಡು ಕುಳಿತೆ. ಆತಿಥೇಯ ಮಹಿಳೆ ಕೈಯನ್ನು ತೊಡೆಯ ಮೇಲಿಟ್ಟುಕೊಂಡು ಕಾಯುತ್ತಿದ್ದರು. ನಾನೂ ಕಾಯುತ್ತಿದ್ದೆ. ಕೆಟಲಿನ ಸದ್ದು ಬಿಟ್ಟರೆ ಕೋಣೆಯಲ್ಲಿ ಏನೂ ಕೇಳಿಸುತ್ತಿರಲಿಲ್ಲ. ಪಕ್ಕದಲ್ಲಿದ್ದ ವೃದ್ಧೆ ತನ್ನ ಖಾಲಿ ಕಾಗದವನ್ನು ನನ್ನತ್ತ ಒಂದಿಷ್ಟು ವಾಲಿಸಿ ತೋರಿಸಿದ ಮೇಲೆ ವಿಷಯ ಹೊಳೆಯಿತು. ಅಲ್ಲಿ ಸಿಹಿಯನ್ನು ಪೂರ್ತಿ ತಿಂದು ಮುಗಿಸಬೇಕು. ಬಾಯಲ್ಲಿ ಉಳಿದ ಆ ಸಿಹಿಯ ಮೇಲೆ ಕಹಿ ಚಹಾ ಬೀಳಬೇಕು. ಎರಡನ್ನೂ ಒಟ್ಟಿಗೆ ಬಾಯಿಗೆ ಹಾಕುವುದಿಲ್ಲ.

ಸಿಹಿಯನ್ನು ಇಟ್ಟುಕೊಳ್ಳಲು ಕಾಯ್ಶಿ ಎಂಬ ಮಡಿಸಿದ ಬಿಳಿ ಕಾಗದ ಬೇಕು. ಪ್ರವಾಸಿಗರ ಕೂಟಗಳಲ್ಲಿ ಅವರೇ ಕೊಡುತ್ತಾರೆ. ಸಿಹಿಯ ಬುಟ್ಟಿ ನಿಮ್ಮ ಬಳಿ ಬಂದಾಗ ಮುಂದಿನವರ ಕಡೆ ತಿರುಗಿ ‘ಒಸಾಕಿ ನಿ’ ಎನ್ನಿ, ನಿಮಗಿಂತ ಮೊದಲು ತೆಗೆದುಕೊಳ್ಳುತ್ತಿದ್ದೇನೆ ಎಂಬ ಕ್ಷಮೆಯಾಚನೆ ಅದು. ಮೆದು ಸಿಹಿಯಾದರೆ ಕುರೊಮೊಜಿ ಎಂಬ ಮರದ ಕಡ್ಡಿಯಿಂದ ಮೂರ್ನಾಲ್ಕು ತುಂಡು ಮಾಡಿ ತಿನ್ನಿ, ಒಣ ಸಿಹಿಯಾದರೆ ಕೈಯಲ್ಲಿ.

ನೀವು ತಿನ್ನುತ್ತಿರುವಾಗ ಆತಿಥೇಯರು ಚಹಾ ತಯಾರಿಸುತ್ತಿರುತ್ತಾರೆ. ಮಾತು ನಿಲ್ಲಿಸಿ ಅದನ್ನೇ ನೋಡಿ. ರೇಷ್ಮೆಯ ವಸ್ತ್ರವನ್ನು ಮಡಿಸಿ ಪುಡಿಯ ಡಬ್ಬಿಯನ್ನೂ, ಬಿದಿರಿನ ಚಮಚವನ್ನೂ ಒರೆಸುತ್ತಾರೆ. ಬಿಸಿನೀರಿನಲ್ಲಿ ಬಟ್ಟಲನ್ನೂ ಚಾಸೆನ್ ಎಂಬ ಬಿದಿರಿನ ಕಡೆಗೋಲನ್ನೂ ತೊಳೆದು, ಅದರ ಎಳೆಗಳು ಮುರಿದಿಲ್ಲವೆಂದು ಎತ್ತಿ ನೋಡುತ್ತಾರೆ. ಎರಡು ಚಮಚ, ಅಂದರೆ ಸುಮಾರು 2 ಗ್ರಾಂ ಪುಡಿಗೆ 60-70 ಮಿಲಿಲೀಟರ್ ನೀರು. ಉದ್ದ ಹಿಡಿಕೆಯ ಸೌಟಿನಲ್ಲಿ ತೋಡಿದ್ದರಲ್ಲಿ ಬೇಕಾದಷ್ಟನ್ನು ಬಟ್ಟಲಿಗೆ ಸುರಿದು, ಉಳಿದುದನ್ನು ಕೆಟಲಿಗೇ ಹಿಂದಿರುಗಿಸುತ್ತಾರೆ. ಬಿಸಿನೀರು ಬೀಳುವ ಸದ್ದೂ ತಣ್ಣೀರು ಬೀಳುವ ಸದ್ದೂ ಬೇರೆಬೇರೆಯೆಂಬುದು ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ನವೆಂಬರಿನಿಂದ ಏಪ್ರಿಲ್‌ವರೆಗೆ ಹೋದವರಿಗೆ ಕೆಟಲು ನೆಲದೊಳಗೆ ತೋಡಿದ ಒಲೆಯ ಮೇಲೆ ಅತಿಥಿಗಳ ಹತ್ತಿರ ಕಾಣುತ್ತದೆ, ಮೇ ತಿಂಗಳಿನಿಂದ ಅಕ್ಟೋಬರಿನವರೆಗೆ ಎತ್ತಿಟ್ಟ ಒಲೆಯ ಮೇಲೆ ದೂರದಲ್ಲಿ. ಚಳಿಗೆ ಬೆಂಕಿ ಹತ್ತಿರವಿರಲಿ, ಸೆಕೆಗೆ ದೂರವಿರಲಿ ಎಂಬುದು ಲೆಕ್ಕ. ಬಟ್ಟಲಿನ ಮೇಲೆ ದಟ್ಟ ನೊರೆಯೆದ್ದಿದ್ದರೆ ಆತಿಥೇಯರು ಉರಾಸೆಂಕೆಯವರಿರಬಹುದು. ಒಮೊತೆಸೆಂಕೆಯವರು ನೊರೆಯನ್ನು ಕಡಿಮೆ ಎಬ್ಬಿಸುತ್ತಾರೆ.

ಬಟ್ಟಲು ನಿಮ್ಮ ಮುಂದೆ ಬಂದಾಗ ಅದರ ಚೆಂದದ ಮುಖ ನಿಮ್ಮ ಕಡೆಗಿರುತ್ತದೆ. ಪಕ್ಕದವರಿಗೆ ಮತ್ತೆ ‘ಒಸಾಕಿ ನಿ’ ಹೇಳಿ, ಆತಿಥೇಯರಿಗೆ ಬಾಗಿ ‘ಒತೆಮಾಎ ಚೋದಾಯ್ ಇತಾಶಿಮಾಸು’ ಎನ್ನಿ. ನೀವು ಮಾಡಿದ ಚಹಾವನ್ನು ಸ್ವೀಕರಿಸುತ್ತೇನೆ ಎಂದು ಅರ್ಥ. ಬಲಗೈಯಿಂದ ಎತ್ತಿ ಎಡ ಅಂಗೈ ಮೇಲಿಟ್ಟು, ತುಸು ಮೇಲೆತ್ತಿ ಕೃತಜ್ಞತೆ ತೋರಿ, ಗಡಿಯಾರದ ಮುಳ್ಳಿನ ದಿಕ್ಕಿನಲ್ಲಿ ಎರಡು ಸಲ ಚೂರುಚೂರೇ ತಿರುಗಿಸಬೇಕು. ಬಟ್ಟಲಿನ ಮುಖದ ಮೇಲೆ ತುಟಿ ಇಡಬಾರದೆಂಬ ಸಂಕೋಚ ಅದರ ಹಿಂದಿದೆ. ಮೂರ್ನಾಲ್ಕು ಗುಟುಕಿನಲ್ಲಿ ಮುಗಿಸಿ, ಕೊನೆಯ ಗುಟುಕನ್ನು ಸೊರ್ರೆಂದು ಕೇಳಿಸುವಂತೆ ಹೀರಿ. ಮನೆಯಲ್ಲಿ ಸಾರು ಹೀಗೆ ಸೊರಗುಟ್ಟಿದರೆ ಬೈಗುಳ ತಿನ್ನುತ್ತಿದ್ದವರಿಗೆ ಇಲ್ಲಿ ಅದೇ ಮರ್ಯಾದೆ. ಆತಿಥೇಯರಿಗೆ ನೀವು ಮುಗಿಸಿದಿರೆಂದು ಆ ಸದ್ದಿನಿಂದಲೇ ಗೊತ್ತಾಗುತ್ತದೆ. ತುಟಿ ತಾಗಿದ ಅಂಚನ್ನು ಬೆರಳಿನಿಂದ ಒರೆಸಿ, ಬೆರಳನ್ನು ಕಾಗದಕ್ಕೆ ಒರೆಸಿ, ಬಟ್ಟಲನ್ನು ಹಿಂದಕ್ಕೆ ತಿರುಗಿಸಿ ಕೆಳಗಿಡಿ.

ಎಂಜಲಿನ ಮಾತು

ಲೋಟವನ್ನು ತುಟಿಗೆ ತಾಗಿಸದೆ ಎತ್ತಿ ಕುಡಿಯುವ ಮನೆಗಳಲ್ಲಿ ಬೆಳೆದವರಿಗೆ ಮುಂಚಿತವಾಗಿ ತಿಳಿದಿರಬೇಕಾದ ಸಂಗತಿಯೊಂದಿದೆ. ಚಾಜಿಯ ಹೃದಯವೆನ್ನಬಹುದಾದ ಕೊಯ್ಚಾ, ಅಂದರೆ ಗಟ್ಟಿ ಚಹಾವನ್ನು ಒಂದೇ ಬಟ್ಟಲಿನಲ್ಲಿ ಕಲಸಿ ಎಲ್ಲ ಅತಿಥಿಗಳೂ ಸರದಿಯಂತೆ ಅದರಿಂದಲೇ ಕುಡಿಯುವುದು ಹಳೆಯ ರೂಢಿ. ಪ್ರತಿಯೊಬ್ಬರೂ ಅಂಚನ್ನು ಒರೆಸಿ ಮುಂದಿನವರಿಗೆ ಕೊಡುತ್ತಾರೆ. ಕೊರೊನಾದ ನಂತರ ಅನೇಕ ಕಡೆ ಒಬ್ಬೊಬ್ಬರಿಗೂ ಬೇರೆ ಬಟ್ಟಲು ಕೊಡುವುದು ಬಳಕೆಗೆ ಬಂದಿದೆ, ಪ್ರವಾಸಿಗರ ಕೂಟಗಳಲ್ಲಿ ಹೇಗೂ ಕೊಡುವುದು ಉಸುಚಾ ಎಂಬ ತೆಳು ಚಹಾ, ಅದು ತಲೆಗೊಂದು ಬಟ್ಟಲು. ಆದರೂ ಕೊಯ್ಚಾ ಇದೆಯೆಂದು ಪಟ್ಟಿಯಲ್ಲಿ ಕಂಡರೆ ಮೊದಲೇ ಕೇಳಿಕೊಳ್ಳಿ. ಎಲ್ಲರೆದುರು ಬಟ್ಟಲು ಕೈಗೆ ಬಂದ ಮೇಲೆ ಹಿಂಜರಿದರೆ ಅದು ಚಹಾಕ್ಕಲ್ಲ, ಪಕ್ಕದಲ್ಲಿ ಕುಳಿತವರಿಗೆ ಮಾಡಿದ ಅವಮಾನವಾಗುತ್ತದೆ.

ಕಾಲು

ಸೇಯ್ಜಾ ಎಂಬ ಭಂಗಿ ನಮ್ಮ ವಜ್ರಾಸನವೇ. ಯೋಗದಲ್ಲಿ ಐದು ನಿಮಿಷ ಕೂತವರೂ ಇಲ್ಲಿ ಇಪ್ಪತ್ತನೆಯ ನಿಮಿಷಕ್ಕೆ ಸೋಲುತ್ತಾರೆ. ಕಾಲಿನ ಹೆಬ್ಬೆರಳುಗಳನ್ನು ಒಂದರ ಮೇಲೊಂದು ಇಟ್ಟು, ಆಗಾಗ ಅದಲುಬದಲು ಮಾಡುತ್ತ ಭಾರವನ್ನು ಎಡಬಲಕ್ಕೆ ಹೊರಳಿಸುತ್ತಿದ್ದರೆ ಜೋಮು ಹಿಡಿಯುವುದು ಸ್ವಲ್ಪ ತಡವಾಗುತ್ತದೆ. ಆತಿಥೇಯರು ‘ದೋಝೊ ಒರಾಕು ನಿ’ ಎಂದರೆ ಆರಾಮವಾಗಿ ಕೂರಿ ಎಂದರ್ಥ. ಆಗ ಚಕ್ಕಳಮಕ್ಕಳ ಹಾಕಿಕೊಳ್ಳಬಹುದು. ಕಾಲನ್ನು ಯಾರ ಕಡೆಗೂ ಚಾಚಬೇಡಿ. ಕಾಲು ಮರಗಟ್ಟಿದ್ದರೆ ಎದ್ದು ನಿಲ್ಲುವ ದುಸ್ಸಾಹಸ ಮಾಡದೆ, ಪಾದದ ಬೆರಳುಗಳನ್ನು ನೆಲಕ್ಕೆ ಊರಿ ಹಿಮ್ಮಡಿಯ ಮೇಲೆ ಅರೆನಿಮಿಷ ಕುಳಿತು, ರಕ್ತ ಹರಿದ ಮೇಲೆ ಏಳಿ. ಮುಂದೆ ಮಣ್ಣಿನ ಪಾತ್ರೆಗಳಿರುವ ಕೋಣೆಯಲ್ಲಿ ಮುಗ್ಗರಿಸುವುದು ದುಬಾರಿ.

ಕೊನೆಯ ಹತ್ತು ನಿಮಿಷ

ಚಹಾ ಮುಗಿದ ಮೇಲೆ ಬಟ್ಟಲನ್ನು ನೋಡುವುದಕ್ಕೆ ಬಿಡುವು ಕೊಡುತ್ತಾರೆ. ಎರಡೂ ಮೊಣಕೈಗಳನ್ನು ತೊಡೆಗೆ ಆನಿಸಿ, ಬಟ್ಟಲನ್ನು ಚಾಪೆಯಿಂದ ಹೆಚ್ಚು ಎತ್ತರಕ್ಕೆ ಒಯ್ಯದೆ ನೋಡಿ, ಜಾರಿದರೂ ಒಡೆಯಬಾರದು. ಪ್ರಶ್ನೆ ಕೇಳುವ ಸಮಯವೂ ಇದೇ. ಸುರುಳಿಯಲ್ಲಿ ಏನು ಬರೆದಿದೆ, ಹೂವು ಯಾವುದು, ಬಟ್ಟಲು ಎಲ್ಲಿಯದು, ಸಿಹಿಯ ಹೆಸರೇನು ಎಂದು ಕೇಳಿದರೆ ಆತಿಥೇಯರ ಮುಖ ಅರಳುತ್ತದೆ, ಏಕೆಂದರೆ ಅಂದಿನ ದಿನಕ್ಕೆಂದೇ ಅವನ್ನೆಲ್ಲ ಆರಿಸಿದವರು ಅವರು. ಬಟ್ಟಲಿನ ಬೆಲೆ ಕೇಳಬೇಡಿ. ಫೋಟೊ ತೆಗೆಯುವುದಿದ್ದರೆ ಅನುಮತಿ ಪಡೆದು ಈಗ ತೆಗೆಯಿರಿ, ಚಹಾ ಕಡೆಯುತ್ತಿರುವಾಗ ಬೇಡ. ಕೆಲವು ಕೂಟಗಳಲ್ಲಿ ನಿಮ್ಮ ಕೈಯಲ್ಲೂ ಚಾಸೆನ್ ಕೊಟ್ಟು ಕಡೆಯಲು ಹೇಳುತ್ತಾರೆ. ಮಜ್ಜಿಗೆ ಕಡೆದಂತೆ ಉರುಟಾಗಿ ತಿರುಗಿಸಬೇಡಿ, ಮಣಿಕಟ್ಟಿನಿಂದ ಹಿಂದೆ ಮುಂದೆ ವೇಗವಾಗಿ ಆಡಿಸಿ, ತಳಕ್ಕೆ ಒತ್ತದೆ.

ಮನೆಗೆ ಕೊಂಡೊಯ್ಯುವವರಿಗೆ ಎರಡು ಮಾತು. 2024ರಿಂದ ಮಾಚಾಗೆ ಬೇಡಿಕೆ ಏರಿ, ಕ್ಯೋಟೋ ಮತ್ತು ಉಜಿಯ ಹೆಸರಾಂತ ಅಂಗಡಿಗಳಲ್ಲಿ ಒಬ್ಬರಿಗೆ ಇಷ್ಟೇ ಡಬ್ಬಿ ಎಂಬ ಮಿತಿ ಬಂದಿದೆ; ಬೆಳಿಗ್ಗೆ ಬೇಗ ಹೋಗಿ, 20 ಅಥವಾ 40 ಗ್ರಾಮಿನ ಚಿಕ್ಕ ಡಬ್ಬಿಯನ್ನೇ ಕೊಳ್ಳಿ, ತೆರೆದ ಮೇಲೆ ಫ್ರಿಜ್ಜಿನಲ್ಲಿಟ್ಟು ಒಂದು ತಿಂಗಳೊಳಗೆ ಮುಗಿಸಿ. ಚಾಸೆನ್ ಕೊಳ್ಳುವಾಗ ನಾರಾ ಪ್ರಾಂತ್ಯದ ತಾಕಾಯಾಮಾದ್ದು ಸಿಕ್ಕರೆ ನೋಡಿ, ತಲೆಮಾರುಗಳಿಂದ ಒಂದೇ ಬಿದಿರಿನ ತುಂಡನ್ನು ಸೀಳಿ ಎಳೆ ತೆಗೆಯುವ ಊರದು. ಮನೆಯಲ್ಲಿ ಕಾಫಿ ಲೋಟದಲ್ಲಿ ಕಡೆಯಲಾಗದು, ಅಗಲ ಬಾಯಿಯ ಬೋಗುಣಿ ಬೇಕು. ಪುಡಿಯನ್ನು ಜರಡಿ ಹಿಡಿದು, ಕುದಿಯುವ ನೀರನ್ನು ತುಸು ಆರಿಸಿ ಹಾಕಿ. ಬಳಸಿದ ಚಾಸೆನ್ ಅನ್ನು ಸೋಪು ತಾಗಿಸದೆ ಬರೀ ನೀರಿನಲ್ಲಿ ತೊಳೆದು, ಗಾಳಿಯಾಡುವ ಕಡೆ ಒಣಗಿಸಿ. ಅದು ಬಂದ ಪ್ಲಾಸ್ಟಿಕ್ ಡಬ್ಬಿಯಲ್ಲಿಯೇ ಮತ್ತೆ ಮುಚ್ಚಿಟ್ಟರೆ ನಮ್ಮ ಮಳೆಗಾಲದಲ್ಲಿ ಒಂದೇ ವಾರಕ್ಕೆ ಬೂಷ್ಟು ಹಿಡಿಯುತ್ತದೆ.